ಹತ್ತು ದಿನದ ರಜೆ

ಆ ಗಣಿತದ ಟೀಚರ್ ದೇಶದ ಮಹಿಳಾ ರಗ್ಬಿ ತಂಡದ ಆಟಗಾರ್ತಿ. ಮೈದಾನದಲ್ಲಿ ಮೂವರು ಮೇಲೆ ಬಿದ್ದು ಕೆಡವಿದರೂ ಎದ್ದು ಓಡುವವಳು, ಹೆಡ್‌ಮಾಸ್ಟರ ಮೇಜಿನ ಮುಂದೆ ಮಾತ್ರ ಮೂರು ವಾರದಿಂದ ನಿಂತಲ್ಲೇ ನಿಂತಿದ್ದಳು.

"ಸರ್, ದೇಶಕ್ಕೆ ಆಡೋದು. ಹತ್ತೇ ದಿನ ರಜೆ ಕೊಡಿ."

"ಆಡಿ ಮೇಡಂ, ಬೇಡ ಅಂದೋರು ಯಾರು? ಹತ್ತನೇ ಕ್ಲಾಸಿನ ಪೋರ್ಷನ್ ಮುಗಿಸಿಬಿಡಿ, ಆವತ್ತೇ ಸಹಿ ಹಾಕ್ತೀನಿ. ಆಟ ಎಲ್ಲಿ ಓಡಿಹೋಗುತ್ತೆ?"

ಅವಳಿಗೆ ಮೈಯೆಲ್ಲ ಉರಿದುಹೋಯಿತು. ಸ್ಟಾಫ್ ರೂಮಿಗೆ ಬಂದವಳೇ ರಜೆ ಅರ್ಜಿಯನ್ನು ಮೇಜಿನ ಮೇಲೆ ಕುಕ್ಕಿದಳು.

"ಆಟ ಅಂದ್ರೆ ಇವರಿಗೆ ಲೆಕ್ಕಕ್ಕೇ ಇಲ್ಲ! ಒಂದು ದಿನನಾದ್ರೂ ಬೆವರು ಸುರಿಸಿ ಆಡಿದ್ರೆ ತಾನೆ ಗೊತ್ತಾಗೋದು? ನೀವೇ ಹೇಳಿ ಸರ್, ಪಾಠ ಒಂದೇನಾ ಬದುಕು?"

ಎದುರಿಗೆ ಕೂತಿದ್ದ ಪಿ.ಟಿ. ಮಾಸ್ತರು ಏನೋ ಹೇಳಲು ಬಾಯಿ ತೆರೆದರು. ಅಷ್ಟರಲ್ಲಿ ಕೊನೆಯ ಪೀರಿಯಡ್ಡಿನ ಬೆಲ್ ಹೊಡೆಯಿತು. ಅವಳು ಅವರಿಗಿಂತ ಮೊದಲೇ ಎದ್ದು ಮೈದಾನದ ಕಡೆಗೆ ದಾಪುಗಾಲು ಹಾಕಿದಳು.

ಹತ್ತನೇ ಕ್ಲಾಸಿನ ಹುಡುಗಿಯರು ಜಡೆ ಮೇಲಕ್ಕೆ ಕಟ್ಟಿಕೊಂಡು, ನೆಟ್ ಬಿಗಿದು, ಆಗಲೇ ಥ್ರೋಬಾಲ್ ಶುರು ಮಾಡಿದ್ದರು. ಅವಳನ್ನು ಕಂಡದ್ದೇ ಓಡಿ ಬಂದು ಮುತ್ತಿಕೊಂಡರು.

"ಮಿಸ್, ಶನಿವಾರ ತಾಲ್ಲೂಕು ಮ್ಯಾಚು! ಇವತ್ತು ನೀವೇ ಆಡಿಸ್ತೀರಾ ಮಿಸ್?"

ಅವಳು ಚೆಂಡನ್ನು ಕಿತ್ತುಕೊಂಡು ಕಂಕುಳಲ್ಲಿ ಅವುಚಿ ಹಿಡಿದಳು.

"ಎಲ್ಲಾ ಕ್ಲಾಸಿಗೆ ನಡೀರಿ, ಲೆಕ್ಕದ ಪುಸ್ತಕ ತೆಗೀರಿ. ಪೋರ್ಷನ್ ಮುಗಿಯೋವರೆಗೂ ಪಿ.ಟಿ. ಪೀರಿಯಡ್ ನಂದು. ಆಟ ಎಲ್ಲಿ ಓಡಿಹೋಗುತ್ತೆ?"