ಒಂಬತ್ತು ಹಿತ್ತಾಳೆ ಪಿನ್ನು

ಗುಡ್ಡಮ್ಮ ಬಟ್ಟೆಯ ಗಂಟು ಬಿಚ್ಚಿ, ಮುರಿದ ಪಿನ್ನುಗಳನ್ನು ಜಗಲಿಯ ಮೇಲೆ ಸುರಿದಳು. ಒಂದೊಂದೂ ಎರಡು ತುಂಡಾಗಿತ್ತು. ಮಮತಾ ಜೋಡಿಸಿ ಎಣಿಸಿದಳು. ವರ್ಷಕ್ಕೆ ಒಂಬತ್ತು!

"ಒಂದೂ ಬಿಸಾಕಿಲ್ಲ ನೋಡವ್ವ. ಸುಳ್ಳು ಹೇಳ್ತಾಳ ಮುದುಕಿ ಅನ್ನಬಾರದಲ್ಲ," ಎಂದಳು ಗುಡ್ಡಮ್ಮ.

ಆ ಪಿನ್ನುಗಳು ಮೇವು ಕತ್ತರಿಸುವ ಯಂತ್ರದವು. ಅದು, ಶಿವಮೊಗ್ಗದ ಕಾರ್ಖಾನೆಯೊಂದರಲ್ಲಿ ಡಿಸೈನ್ ಎಂಜಿನಿಯರ್ ಆಗಿದ್ದ ಮಮತಾ ರೂಪಿಸಿದ ಮೊದಲ ಯಂತ್ರ. ತೊಗರ್ಸಿ ಬಳಿಯ ಈ ಊರಿಗೇ ಹನ್ನೆರಡು ಬಂದಿದ್ದವು. ಹನ್ನೊಂದು ಮನೆಗಳಿಂದ ಒಂದು ದೂರೂ ಇಲ್ಲ. ಗುಡ್ಡಮ್ಮ ಮಾತ್ರ ಆಗಾಗ ಫೋನು ಮಾಡಿ, "ಪಿನ್ ಮುರಿದೈತಿ, ಬ್ಯಾರೆ ಕಳಿಸ್ರೀ" ಎನ್ನುತ್ತಿದ್ದಳು. ಮ್ಯಾನೇಜರಿಗೆ ಸಾಕಾಗಿತ್ತು. "ಮುಂದಿನ ಮುನ್ನೂರು ಮಿಷನ್ನಿಗೆ ಉಕ್ಕಿನ ಪಿನ್ ಹಾಕೋಣ. ಬೇಡ ಅಂದ್ರೆ ಸೋಮವಾರದೊಳಗೆ ಕಾರಣ ಕೊಡು" ಎಂದಿದ್ದರು. ಇವತ್ತು ಶನಿವಾರ.

ಪಿನ್ನನ್ನು ಹಿತ್ತಾಳೆಯಲ್ಲಿ ಮಾಡಿಸಿ ಮೆತ್ತಗೆ ಇಟ್ಟದ್ದು ಬೇಕೆಂದೇ. ಮೇವನ್ನು ಒಳಗೆಳೆಯುವ ರೋಲರಿನ ಮೇಲೆ ಮಿತಿಮೀರಿದ ಎಳೆತ ಬಿದ್ದರೆ ಮೊದಲು ಪಿನ್ ಮುರಿಯಬೇಕು, ರೋಲರ್ ನಿಲ್ಲಬೇಕು. ಆದರೆ ಒಂದೇ ಮನೆಯಲ್ಲಿ ಒಂಬತ್ತು ಸಲ ಯಾಕೆ? ದೋಷ ಸಿಕ್ಕರೆ ಐದು ಸಲ "ಯಾಕೆ" ಎಂದು ಕೇಳಬೇಕು ಎಂದು ಕಾಲೇಜಿನಲ್ಲಿ ಕಲಿಸಿದ್ದರು. ಆ ಚಾಳಿ ಮಮತಾಗೆ ಎಷ್ಟು ಅಂಟಿತ್ತೆಂದರೆ, ಸಾರಿಗೆ ಉಪ್ಪು ಹೆಚ್ಚಾದರೂ ಐದು ಸಲ ಕೇಳಿ ತಾಯಿಯಿಂದ ಬೈಸಿಕೊಳ್ಳುತ್ತಿದ್ದಳು.

"ಯಾಕೆ ಮುರೀತಮ್ಮ?"

"ಕಲ್ಲು ಸಿಕ್ಕಾಕ್ಕೊಂತಾವು. ಮುರೀತೈತಿ."

"ಮೇವಿನಲ್ಲಿ ಕಲ್ಲು ಯಾಕೆ?"

"ಗೋವಿನಜೋಳದ ದಂಟು ಬೇರು ಸಮೇತ ಹಾಕ್ತೀವಲ್ಲ."

"ಬೇರು ಕೊಯ್ದು ಹಾಕಬಾರದಾ? ಯಾಕೆ ಹಾಗೇ ಹಾಕ್ತೀರಿ?"

"ಅರವತ್ತು ಕುರಿ ಅದಾವವ್ವ. ಬೇರು ಕೊಯ್ಕೊಂತ ಕುಂತ್ರ ಕುರಿ ನನ್ನನ್ನೇ ತಿಂತಾವು. ಊರಾಗ ಎಲ್ರೂ ಹಂಗೇ ಹಾಕೋದು."

ಮಮತಾಳನ್ನು ತೊಗರ್ಸಿಯಿಂದ ಬೈಕಿನಲ್ಲಿ ಕರೆತಂದಿದ್ದ ಊರಿನ ಮೆಕ್ಯಾನಿಕ್ ಚನ್ನೇಶ ನಕ್ಕ. "ಪಿನ್ ಜಾಗಕ್ಕ ಒಂದು ಗಟ್ಟಿ ಬೋಲ್ಟ್ ಜಡೀತೀನಿ ಅಂದ್ರ ಬ್ಯಾಡ ಅಂತಾಳ್ರೀ ಈ ದೊಡ್ಡವ್ವ."

"ಯಾಕಮ್ಮ ಬೇಡ?" ಇದು ನಾಲ್ಕನೆಯದು.

ಗುಡ್ಡಮ್ಮ ಸೆರಗನ್ನು ಮುಂದೆಳೆದು ಬಿಡಿಸಿ ತೋರಿಸಿದಳು. ಗೇಣುದ್ದ ಹರಿದು, ದಪ್ಪ ದಾರದಲ್ಲಿ ಹೊಲಿದಿತ್ತು. "ಮೊದಲ್ನೇ ಪಿನ್ ಮುರಿದಿದ್ದು ಕಲ್ಲಿಗಲ್ಲ, ಇದಕ್ಕ. ಎಳಕೊಂತು ನೋಡು, ನನ್ನ ಮಾರಿ ರೋಲರಿಗೆ ಇಷ್ಟೇ ದೂರ. ಟಪ್ ಅಂತ ಮುರಿದು ನಿಂತುಬಿಡ್ತು." ಆಮೇಲೆ ಬೇವಿನ ಗಿಡಕ್ಕೆ ಕಟ್ಟಿದ್ದ ಟಗರಿನತ್ತ ಕೈ ತೋರಿದಳು. ಹಗ್ಗವೇನೋ ಗಟ್ಟಿಯಾಗಿತ್ತು, ಕೊರಳ ಸುತ್ತ ಮಾತ್ರ ಹಳೆ ಸೀರೆಯ ಪಟ್ಟಿ. "ಸುತ್ತಿಕೊಂಡು ಒದ್ದಾಡಿದ್ರ ಅದು ಹರೀಬೇಕು. ಓಡಿಹೋದ ಟಗರನ್ನ ಹುಡುಕಿ ತರಬಹುದು. ಉರುಲು ಬಿದ್ದು ಸತ್ತಿದ್ದನ್ನ ಎಲ್ಲಿಂದ ತರೂದು?"

ಮಮತಾಗೆ ಆ ಮುದುಕಿಯನ್ನು ತಬ್ಬಿಕೊಳ್ಳಬೇಕೆನಿಸಿತು. ಒಂದಿಡೀ ಸೆಮಿಸ್ಟರ್ ತಲೆಕೆರೆದುಕೊಂಡು ಓದಿದ ಪಾಠ ಇಲ್ಲಿ ಟಗರಿನ ಕೊರಳಲ್ಲಿತ್ತು. ಇಷ್ಟು ಸಾಕು. ಮ್ಯಾನೇಜರ್ ಬಾಯಿ ಮುಚ್ಚಿಸಬಹುದು. ಅವಳು ನೋಟ್‌ಪುಸ್ತಕ ತೆಗೆದು ಬರೆಯತೊಡಗಿದಳು.

"ಅಷ್ಟೊತ್ತಿಂದ ನೀನೇ ಕೇಳಾಕತ್ತಿ. ನಾ ಒಂದು ಕೇಳ್ಲಾ?" ಎಂದಳು ಗುಡ್ಡಮ್ಮ. "ಹನ್ನೆರಡು ಮಿಷನ್ ಅದಾವು. ನೀನು ಯಾಕ ನಮ್ಮನಿಗೆ ಒಂದಕ್ಕ ಬಂದಿ?"

"ಉಳಿದ ಕಡೆ ಮುರಿದಿಲ್ಲವಲ್ಲಮ್ಮ. ಒಬ್ಬರೂ ಪಿನ್ ಕೇಳಿಲ್ಲ."

"ಕೇಳಿಲ್ಲ, ಹೌದು."

ಬರೆಯುತ್ತಿದ್ದ ಪೆನ್ನು ನಿಂತಿತು. ಊರಾಗ ಎಲ್ರೂ ಹಂಗೇ ಹಾಕೋದು. ಅದೇ ಬೇರು, ಅದೇ ಕಲ್ಲು. ಮಮತಾ ನಿಧಾನವಾಗಿ ಚನ್ನೇಶನ ಕಡೆ ತಿರುಗಿದಳು.

"ಎಷ್ಟು ಮಿಷನ್ನಿಗೆ ಬೋಲ್ಟ್ ಹಾಕಿದ್ದೀರಿ?"

"ಇದೊಂದು ಬಿಟ್ಟು ಎಲ್ಲಾದಕ್ಕೂ ರೀ," ಎಂದ ಚನ್ನೇಶ. ಹೊಗಳುತ್ತಾರೆಂದೇ ಅವನ ಎಣಿಕೆ. "ಹೈಟೆನ್ಸೈಲ್ ಬೋಲ್ಟ್. ಮಿಷನ್ ಹೋದ್ರೂ ಅದು ಹೋಗಲ್ಲ. ಒಬ್ರಿಂದಾನೂ ಒಂದು ಪೈಸೆ ತಗೊಂಡಿಲ್ಲ. ಮೊದಲ್ನೇದು ನಮ್ಮನಿಗೇ ಹಾಕಿದ್ದು."

"ನಿಮ್ಮನೇಲಿ ಮೇವು ಹಾಕೋದು ಯಾರು?"

"ನಮ್ಮವ್ವ, ಲೋಕವ್ವ. ಕಣ್ಣು ಸ್ವಲ್ಪ ಮಂಜು, ಆದ್ರೂ..." ಚನ್ನೇಶನ ಕಣ್ಣು ಗುಡ್ಡಮ್ಮನ ಹೊಲಿದ ಸೆರಗಿನ ಮೇಲಿತ್ತು.

ಗೋಡೆಯ ಮೇಲಿನ ಕೆಂಪು ದೀಪ ಹತ್ತಿತು. ನಾಲ್ಕು ಗಂಟೆ.

"ತ್ರೀಫೇಸ್ ಕರೆಂಟ್ ಬಂತು," ಎಂದಳು ಗುಡ್ಡಮ್ಮ.

ಪಕ್ಕದ ಹಿತ್ತಿಲಲ್ಲಿ ಒಂದು ಯಂತ್ರ ಗುರುಗುಟ್ಟಿತು. ಆಮೇಲೆ ಕೆರೆಯ ಕಡೆಯಿಂದ ಇನ್ನೊಂದು, ಶಾಲೆಯ ಹಿಂದಿನಿಂದ ಮತ್ತೊಂದು. ಕತ್ತರಿಸುವ ಸದ್ದು ಮನೆಯಿಂದ ಮನೆಗೆ ಹಬ್ಬುತ್ತ ಊರನ್ನೇ ತುಂಬಿತು. ಮಮತಾ ತಂದಿದ್ದ ಹೊಸ ಪಿನ್ನುಗಳ ಡಬ್ಬಿ ಎತ್ತಿಕೊಂಡು ಪಕ್ಕದ ಹಿತ್ತಿಲಿಗೆ ನುಗ್ಗಿದಳು. ಚನ್ನೇಶ ಬಾಗಿಲಲ್ಲಿದ್ದ ಬೈಕನ್ನು ದಾಟಿ, "ಅವ್ವಾ, ಆರಿಸೇ!" ಎಂದು ಕೂಗುತ್ತ, ಆ ಸದ್ದಿನಲ್ಲಿ ತನಗೇ ಕೇಳದ ದನಿಯಲ್ಲಿ, ಊರ ಆ ತುದಿಗೆ ಓಡುತ್ತಿದ್ದ.