ಮುದ್ರೆ ಇದೆಯಾ?

"ಹಲಾಲ್ ಮುದ್ರೆ ಇದೆಯಾ ಇಲ್ವಾ, ಅಷ್ಟು ಹೇಳಿ ಸಾಕು," ಎಂದು ಟೈಲರ್ ಪೊಟ್ಟಣವನ್ನು ಗಲ್ಲಾದ ಮೇಲೆ ಕುಕ್ಕಿದ.

ಅಂಗಡಿಯವನು ನಕ್ಕ. "ಗಮ್ಮಿ ಮಿಠಾಯಿ ಸ್ವಾಮಿ ಇದು! ನಿಮ್ಮವರೇ ಎಷ್ಟೋ ಜನ ಸುಮ್ನೆ ತಗೊಂಡು ಹೋಗ್ತಾರೆ."

ನಿಮ್ಮವರಂತೆ! ಟೈಲರ್‌ಗೆ ಮೈಯೆಲ್ಲ ಉರಿಯಿತು. ಇವನಿಗೆ ಬಿಡಿಸಿ ಹೇಳುತ್ತ ನಿಂತರೆ ಇಲ್ಲೇ ಸಂಜೆಯಾಗುತ್ತದೆ ಎಂದು ಹೊರಬಿದ್ದ.

ಬೆಳಗಿನಿಂದ ಇದೇ ಗೋಳು. ಒಂದು ಅಂಗಡಿಯ ಹುಡುಗಿ, "ಇದನ್ನ ಮೆತ್ತಗೆ ಮಾಡೋ ಜೆಲಟಿನ್ ಹಂದಿಯದ್ದೂ ಇರಬಹುದು ಸರ್, ಬರೆದಿಲ್ಲ," ಎಂದಾಗ ಪೊಟ್ಟಣವನ್ನು ಕೆಂಡದಂತೆ ಕೈಬಿಟ್ಟಿದ್ದ. ಹೋದ ವರ್ಷದ ಹುಟ್ಟುಹಬ್ಬಕ್ಕೆ ಬರಣಿಯಿಂದ ಬಿಡಿ ಗಮ್ಮಿ ತಂದು ತಾನೂ ಬಾಯಿ ಚಪ್ಪರಿಸಿದ್ದು ನೆನಪಾಗಿ ಹೊರಗೆ ಬಂದು ಥೂ ಎಂದು ಉಗಿದಿದ್ದ.

ಆ ದಿನ ಎಲ್ಲರೂ ತಿನ್ನುತ್ತಿದ್ದಾಗ ಮಗು ಮಾತ್ರ ಕೆಂಪು ಗಮ್ಮಿಯನ್ನು ಮುಷ್ಟಿಯಲ್ಲಿ ಹಿಡಿದು ಮೂಲೆಯಲ್ಲಿ ಕೂತಿತ್ತು. ಹಲಾಲ್ ಹೌದೋ ಅಲ್ಲವೋ ಗೊತ್ತಿಲ್ಲ, ಬೇಡ ಅಂದಿತ್ತು. ಅಂಗೈಯೆಲ್ಲ ಅಂಟು. ಅದನ್ನು ತೊಳೆಸುವಾಗ ಟೈಲರ್‌ಗೆ ಕರುಳು ಚುರುಕ್ ಎಂದಿತ್ತು. ಈ ಸಲ ಹಾಗಾಗಕೂಡದು.

ಇನ್ನೊಬ್ಬ ಅಂಗಡಿಯವನು ಹಣ್ಣಿನ ರಸದ ಗಮ್ಮಿ ತೋರಿಸಿದ. "ಯಾರು ಬೇಕಾದ್ರೂ ತಿನ್ನಬಹುದು."

"ಮುದ್ರೆ ಇದೆಯಾ?"

"ಇದಕ್ಕೆ ಯಾಕೆ ಮುದ್ರೆ?"

ಒಂದು ಬಾಯಿಗೆ ಹಾಕಿ ನೋಡಿದ. ಸೋಪು ಕಚ್ಚಿದ ಹಾಗಿತ್ತು. ಮುದ್ರೆಯೂ ಇಲ್ಲ, ರುಚಿಯೂ ಇಲ್ಲ. ತಗೊಂಡು ಏನು ಮಾಡುವುದು?

ಅಷ್ಟರಲ್ಲಿ ಹೆಂಡತಿಯ ಫೋನು. "ನಮಗ್ಯಾಕ್ರೀ ಈ ಫಜೀತಿ? ಬಿಸ್ಕತ್ತು ಕೊಟ್ರೆ ಆಗಲ್ವಾ?"

"ಬೇರೆಯವರು ತಿನ್ನೋವಾಗ ಮಗು ಬಾಯಿ ನೋಡ್ಕೊಂಡು ಕೂರಬೇಕಾ?" ಎಂದು ರೇಗಿದ.

ಕಾಲು ಸೋತು ಬೀಳುವಷ್ಟಾದಾಗ, ಬಸ್ ನಿಲ್ದಾಣದ ಹಿಂದಿನ ಅಂಗಡಿಯಲ್ಲಿ ಸಿಕ್ಕಿತು. ಪೊಟ್ಟಣದ ಮೂಲೆಯಲ್ಲಿ ಹಸಿರು ಹಲಾಲ್ ಮುದ್ರೆ! ಹಂದಿ ಇಲ್ಲ ಅಂತಾಯಿತು. ಅದರ ಕೆಳಗಿನ ಇರುವೆಯಂಥ ಅಕ್ಷರಗಳನ್ನು ಓದುವ ತಾಳ್ಮೆ ಅವನಲ್ಲಿ ಉಳಿದಿರಲಿಲ್ಲ.

ಮನೆಗೆ ಬಂದು ಒಂದು ತಿಂದ. ಮೆತ್ತಗೆ, ಹುಳಿಸಿಹಿ, ಅಗಿದಷ್ಟೂ ರಸ. ಬೆಳಗಿನಿಂದ ಮೊದಲ ಸಲ ಅವನ ಹುಬ್ಬು ಸಡಿಲವಾಯಿತು. ಎರಡೇ ಹಲ್ಲಿನ ಅವನ ಅಮ್ಮನೂ ಒಂದು ಕೇಳಿದಳು. ಆಮೇಲೆ ಕೇಳದೆಯೇ ತೆಗೆದುಕೊಂಡಳು.

"ಅಮ್ಮಾ, ಮಕ್ಕಳಿಗೆ ಉಳಿಸೇ!"

"ಸುಮ್ನಿರೋ. ಇಷ್ಟು ವರ್ಷ ಇದನ್ನೆಲ್ಲ ಎಲ್ಲಿ ಬಚ್ಚಿಟ್ಟಿದ್ದೆ?"

ಬಾಗಿಲ ಗಂಟೆ ಬಡಿಯಿತು. ಹುಟ್ಟುಹಬ್ಬದ ಹೊಸ ಫ್ರಾಕಿನಲ್ಲಿ ಮಗಳು ಓಡಿಹೋಗಿ, ಹೋದ ವರ್ಷ ಮುಷ್ಟಿ ಬಿಗಿಹಿಡಿದು ಕೂತಿದ್ದ ತನ್ನ ಗೆಳತಿಯನ್ನು ಒಳಗೆಳೆದುಕೊಂಡು ಬಂದಳು. "ನಮ್ಮಪ್ಪ ನಿನಗೋಸ್ಕರ ಹುಡುಕಿ ತಂದಿದಾರೆ, ನೋಡೇ!" ಗೆಳತಿ ಪೊಟ್ಟಣ ತಿರುಗಿಸಿ, ರೂಢಿಯಂತೆ ಸಣ್ಣ ಅಕ್ಷರಗಳನ್ನೆಲ್ಲ ಬೆರಳಿಟ್ಟು ಓದಿದಳು. ಮುಖ ಅರಳಿತು. ಆಮೇಲೆ, ಕಣ್ಣುಮುಚ್ಚಿ ಅಗಿಯುತ್ತಿದ್ದ ಅಜ್ಜಿಯತ್ತ ಒಮ್ಮೆ ನೋಡಿ, ಟೈಲರ್‌ನನ್ನು ಮೆಲ್ಲಗೆ ಕೇಳಿದಳು:

"ಅಂಕಲ್, ಇದು ದನದ ಮೂಳೆಯಿಂದ ಮಾಡಿರೋದು, ನಾನು ತಿನ್ನಬಹುದು; ಆದ್ರೆ ನಿಮ್ಮ ಮನೇಲಿ ಮೊಟ್ಟೇನೂ ಮುಟ್ಟಲ್ಲ ಅಲ್ವಾ?"