ಗೋಡೆಯೊಳಗಿನ ಹೆಸರು

“ಚಪ್ಪಲಿ ಬಿಡೋ ಜಾಗದಲ್ಲೇ ನಿಲ್ಲು. ಮೇಲೆ ಬರಬೇಡ.”

ದೊಡ್ಡಪ್ಪ ಅಬ್ದುಸ್ಸಮದನ ಮಾತಿಗೆ ತೌಫೀಕ್ ನಕ್ಕ. ತಮಾಷೆ ಎಂದುಕೊಂಡ. ತಂದೆತಾಯಿ ತೀರಿಕೊಂಡ ಮೇಲೆ ಇದೇ ಮನೆಯಲ್ಲಿ ಬೆಳೆದವನು ಅವನು. ಕೆಂಪು ಬಳಿದ ಈ ಜಗಲಿಗಳ ಮೇಲೆಯೇ ಆಡಿದವನು. ಸಲಾಂ ಹೇಳಿ ಒಂದು ಮೆಟ್ಟಿಲು ಹತ್ತಿದ.

“ಕಿವಿ ಕೇಳಿಸೋದಿಲ್ವೇನೋ? ಇಳಿ ಕೆಳಗೆ!”

ಯಾರೂ ನಗಲಿಲ್ಲ. ಅವನ ಸಲಾಮಿಗೆ ಯಾರೂ ಕೈ ನೀಡಲಿಲ್ಲ. ಅಫೋಚಾದ ಹಿರಿಯರು ಬಿಳಿ ಶಾಲುಗಳನ್ನು ಮಡಿಲ ತನಕ ಎಳೆದುಕೊಂಡು ಒತ್ತೊತ್ತಾಗಿ ಕೂತಿದ್ದರು. ಹಾಸಿಗೆ ಹಿಡಿದ ಮುದುಕರನ್ನೂ ಕರೆತಂದು ಕೂರಿಸಲಾಗಿತ್ತು.

ಮದುವೆಯಾದರೆ ನೆರವಿಗೆ ನಿಲ್ಲುವುದು, ಸತ್ತರೆ ಹೆಗಲು ಕೊಡುವುದು ಅಫೋಚಾ ಕೂಟವೇ. ಇವತ್ತು ಆ ಕೂಟ ತೌಫೀಕನನ್ನು ತನ್ನವನೆಂದು ಸೇರಿಸಿಕೊಳ್ಳಬೇಕಿತ್ತು. ಸೇರಿಸಿಕೊಂಡರೆ ನೂರಿಯಾಳ ಜೊತೆ ನಿಕಾಹ್. ಇಲ್ಲದಿದ್ದರೆ ಇಲ್ಲ. ಅದಕ್ಕೆಂದೇ ದೂರದ ಹೊಲದಲ್ಲಿ ಜೋಳದ ಕೊಯ್ಲು ಮುಗಿಸಿ, ಮೈತುಂಬ ಧೂಳು ಮಾಡಿಕೊಂಡು ನೇರವಾಗಿ ನಡೆದು ಬಂದಿದ್ದ.

ಹರಾರ್ ನಗರದ ಕೋಟೆಗೋಡೆಯೊಳಗೆ ಯಾರೂ ತಮ್ಮನ್ನು ಹರಾರಿನವರು ಎನ್ನುವುದಿಲ್ಲ. ಗೇ ಉಸು ಎನ್ನುತ್ತಾರೆ. ಗೇ ಎಂದರೆ ನಗರ, ಉಸು ಎಂದರೆ ಮನುಷ್ಯ. ಯಾವ ನಗರ ಎಂದು ಹೇಳುವ ಗೋಜೇ ಇಲ್ಲ. ಲೋಕದಲ್ಲಿ ಇರುವುದು ಒಂದೇ ಎಂಬ ಗತ್ತು. ಒಳಗೆ ಹುಟ್ಟಿದ ಮಾತ್ರಕ್ಕೆ ಆ ಹೆಸರು ದಕ್ಕುವುದಿಲ್ಲ. ನಗರದ ಮಾತು ಬೇಕು, ನಂಟು ಬೇಕು, ಅಫೋಚಾ ಬೇಕು. ತೌಫೀಕನ ತಾಯಿ ಗೋಡೆಯಾಚೆಯ ಒರೋಮೊ ರೈತರ ಮಗಳು. ಅರ್ಧದವನು ಎಂದು ಬೆನ್ನ ಹಿಂದೆ ಪಿಸುಗುಟ್ಟುವವರಿದ್ದರು. ದೊಡ್ಡಪ್ಪ ಮಾತ್ರ ಒಂದು ದಿನವೂ ಆ ಮಾತು ಆಡಿದವನಲ್ಲ.

ಯಜಮಾನ ಕೂರುವ ಜಗಲಿಯಲ್ಲಿ ಇವತ್ತು ಅಪರಿಚಿತನೊಬ್ಬ ಕೂತಿದ್ದ. ಬೂಟು ಬಿಚ್ಚಿರಲಿಲ್ಲ. ನೂರಿಯಾಳ ಸೋದರಮಾವ ರಾಜಧಾನಿಯ ವ್ಯಾಪಾರಿ. ಹುಡುಗನನ್ನು ನೋಡಲು ಬರುತ್ತಾನೆಂದು ತೌಫೀಕನಿಗೆ ಗೊತ್ತಿತ್ತು. ಇವನೇ ಅವನು, ಅಲ್ಲಿ ಬಹಳ ವರ್ಷ ಇದ್ದು ಮನೆಯ ರೀತಿ ಮರೆತಿರಬೇಕು ಎಂದುಕೊಂಡ. ಕಾಫಿಯ ಬಟ್ಟಲು ಇದ್ದದ್ದು ಅವನೊಬ್ಬನ ಕೈಯಲ್ಲಿ. ಕಪ್ಪು ಕಂಬಳಿ ಹೊದ್ದ ಅವನ ಆಳುಗಳು ಅಂಗಳದ ಬಾಗಿಲಲ್ಲಿ ನಿಂತಿದ್ದರು. ತೌಫೀಕ್ ಬಂದಾಗ ಅವರೇ ಸರಿದು ದಾರಿ ಬಿಟ್ಟಿದ್ದರು.

“ಯಾರಿವನು? ನಿಮ್ಮವನಾ?” ಎಂದು ಅತಿಥಿ ರಾಜಧಾನಿಯ ಮಾತಿನಲ್ಲಿ ಕೇಳಿದ.

“ಎಲ್ಲಿಯ ನಮ್ಮವನು!” ಎಂದ ದೊಡ್ಡಪ್ಪ. “ಗೋಡೆಯಾಚೆಯ ರೈತ. ಸೌದೆ ತಂದು ಹಾಕ್ತಾನೆ, ಕೊಟ್ಟಿದ್ದು ತಿಂದು ಹೋಗ್ತಾನೆ. ಸಲಿಗೆ ಕೊಟ್ಟಿದ್ದೇ ತಪ್ಪಾಯ್ತು.”

ತೌಫೀಕ್ ಒಳಗೆ ಇಣುಕಿದ. ದೊಡ್ಡಮ್ಮ ರುಕಿಯಾ ಒಳಬಾಗಿಲಲ್ಲಿ ನಿಂತಿದ್ದಳು. “ದೊಡ್ಡಮ್ಮಾ, ನೀವು ಹೇಳಿ.”

“ಯಾರಿಗೋ ದೊಡ್ಡಮ್ಮ?” ಅವಳು ತಲೆಯೆತ್ತಲಿಲ್ಲ. “ಸೌದೆ ಹಾಕಿದ್ದಾಯ್ತಲ್ಲ, ನಡಿ.”

ಅವನು ಮುದುಕ ಆವ್ ಬೂಬಕರನ ಕಡೆ ತಿರುಗಿದ. ನಗರದ ಸ್ತೋತ್ರಗಳನ್ನು ಅವನಿಗೆ ಬಾಯಿಪಾಠ ಮಾಡಿಸಿದ ಗುರು. “ಅಜ್ಜಾ, ಈ ಪದ ಹೊರಗಿನವನಿಗೆ ಬರುತ್ತಾ?” ಎಂದು ನಿಂತಲ್ಲೇ ಕಣ್ಣು ಮುಚ್ಚಿ ಶುರುಮಾಡಿದ. ನಗರದ ಸಂತರನ್ನೆಲ್ಲ ಹೆಸರು ಹಿಡಿದು ಕರೆದು, ನಮ್ಮ ಮಕ್ಕಳಿಗೆ ಕಾವಲಿರಿ ಎಂದು ಬೇಡುವ ಪದ. ಒಂದು ಸ್ವರವೂ ತಪ್ಪಲಿಲ್ಲ. ಕಣ್ಣು ಬಿಟ್ಟಾಗ ಮುದುಕನ ತುಟಿಗಳೂ ಜೊತೆಗೆ ಅಲುಗುತ್ತಿದ್ದವು. ತಕ್ಷಣ ನಿಂತವು.

“ಕಲಿಸಿದರೆ ಗಿಳಿಯೂ ಹಾಡುತ್ತೆ,” ಎಂದ ಮುದುಕ. “ಗಿಳಿ ಗೇ ಉಸು ಆಗುತ್ತೇನೋ?”

ಅತಿಥಿ ಗಟ್ಟಿಯಾಗಿ ನಕ್ಕ. “ಇಷ್ಟು ಚೆನ್ನಾಗಿ ಹಾಡೋನನ್ನ ಹೊರಗೆ ಹಾಕ್ತೀರಲ್ಲ! ಅವನೇ ಹೇಳಲಿ. ಏನಯ್ಯಾ, ನೀನು ಗೇ ಉಸುವಾ? ಹೌದು ಅನ್ನು, ಬಂದು ಕೂತ್ಕೋ. ಇನ್ನೊಬ್ಬನಿಗೆ ಜಾಗ ಇದೆ.”

ತೌಫೀಕನ ಎದೆ ಉಬ್ಬಿತು. ಹೆಣ್ಣಿನ ಕಡೆಯವನೇ ಕರೆಯುತ್ತಿದ್ದಾನೆ, ಇನ್ನು ಯಾರ ಅಪ್ಪಣೆ ಬೇಕು? ಮೆಟ್ಟಿಲ ಮೇಲೆ ಕಾಲಿಟ್ಟು ಬಾಯಿ ತೆರೆದ.

ದೊಡ್ಡಪ್ಪ ಕೂತಲ್ಲಿಂದಲೇ ಮುಂದಕ್ಕೆ ಬಾಗಿ ಉಗುಳಿದ. ಅದು ಕೆನ್ನೆಗೆ ಬಿತ್ತು.

“ನಿನ್ನ ಅವ್ವನ ಹಟ್ಟಿಗೆ ಹೋಗಿ ಸಗಣಿ ಬಾಚು! ಗೇ ಉಸು ಅನ್ನೋ ಮಾತು ನಿನ್ನ ಬಾಯಲ್ಲಿ ಬಂದರೆ ನಾಲಿಗೆ ಕೀಳ್ತೀನಿ!”

ಕೆನ್ನೆ ಒರೆಸಿಕೊಳ್ಳಲೂ ಅವನಿಗೆ ಆಗಲಿಲ್ಲ. ಎಳವೆಯಲ್ಲಿ ತಾಯಿ ಆಡುತ್ತಿದ್ದ ರೈತರ ಮಾತು ತಾನಾಗಿಯೇ ಬಾಯಿಗೆ ಬಂತು. “ಹೌದು, ನಾನು ಗೇ ಉಸು ಅಲ್ಲ! ನನ್ನವ್ವನ ಮಗ, ರೈತ! ನಿಮ್ಮ ಹೆಣ ಎತ್ತೋಕೂ ಬರೋದಿಲ್ಲ, ಕೇಳಿಸ್ತಾ?”

“ಬರಬೇಡ,” ಎಂದ ದೊಡ್ಡಪ್ಪ.

ಅತಿಥಿ ಆಕಳಿಸಿ ಆಳುಗಳಿಗೆ ಕೈಸನ್ನೆ ಮಾಡಿದ. ದೊಡ್ಡಮ್ಮ ಓಡಿ ಬಂದು ತೌಫೀಕನ ತೋಳು ಹಿಡಿದು ಅಂಗಳದಾಚೆಗೆ ದಬ್ಬಿದಳು. ಅವಳ ಉಗುರು ಚರ್ಮಕ್ಕೆ ಇಳಿದಿತ್ತು. “ಕೋಟೆಬಾಗಿಲು ದಾಟು. ಎಲ್ಲೂ ನಿಲ್ಲಬೇಡ. ಈ ಕಡೆ ಮುಖ ಹಾಕಿದರೆ ನೋಡು!”

ಓಣಿಯ ಕದಗಳೆಲ್ಲ ಮುಚ್ಚಿದ್ದವು. ತನ್ನ ಅವಮಾನ ಆಗಲೇ ಊರಿಗೆಲ್ಲ ಗೊತ್ತಾಗಿರಬೇಕು ಎಂದುಕೊಂಡು ಅವನು ತಲೆ ತಗ್ಗಿಸಿ ಓಡಿದ.

ಕೋಟೆಬಾಗಿಲ ಹೊರಗೆ ಹಾಲು ಮಾರುವ ಒರೋಮೊ ಮುದುಕಿಯೊಬ್ಬಳು ಅವನನ್ನು ತಡೆದಳು. “ಒಳಗಿಂದ ಬಂದೆಯಾ ಮಗಾ? ನಿನ್ನನ್ನ ಹೇಗೆ ಬಿಟ್ಟರು?”

“ಬಿಡೋದೇನು ಬಂತು, ಆಚೆ ದಬ್ಬಿದರು. ನಾನು ಗೇ ಉಸು ಅಲ್ಲವಂತೆ.”

“ಹಾಗಂದವರು ಯಾರಪ್ಪಾ?” ಮುದುಕಿ ಅವನ ಕೈ ಹಿಡಿದುಕೊಂಡಳು. “ಅವರ ಪಾದ ಹಿಡಿ, ಹೋಗು. ಹೌದು ಅಂದವರನ್ನೆಲ್ಲ ರಾಜಧಾನಿಯ ಸಿಪಾಯಿಗಳು, ಆ ಕಪ್ಪು ಕಂಬಳಿಯವರು, ಬೆಳಗಿನಿಂದ ಕಟ್ಟಿ ಸೆರೆಮನೆಗೆ ಒಯ್ತಿದ್ದಾರೆ.”

ಕೋಟೆಬಾಗಿಲು ಮತ್ತೆ ತೆರೆಯಿತು; ಒಂದೇ ಹಗ್ಗದಲ್ಲಿ ಬಿಗಿದ ಇಡೀ ಅಫೋಚಾ ಹೊರಬಂತು, ಎಲ್ಲರಿಗಿಂತ ಮುಂದೆ ದೊಡ್ಡಪ್ಪ, ಅವನತ್ತ ಒಮ್ಮೆಯೂ ನೋಡದೆ.